ಮಣ್ಣಿನ ಬಂಡಿ ಉಳಿಯಿತು, ಚಿತ್ರ ಉಳಿಯಲಿಲ್ಲ

ಜಯನಗರ ನಾಲ್ಕನೇ ಬ್ಲಾಕಿನ ಕಾಂಪ್ಲೆಕ್ಸಿಗೆ ಪುಸ್ತಕ, ಬಟ್ಟೆಬರೆ ಎಂದು ಹೋಗುವ ಇಂದಿನ ಕಾಲೇಜು ಹುಡುಗ ಹುಡುಗಿಯರಿಗೆ ಅಲ್ಲೊಂದು ಚಿತ್ರಮಂದಿರ ಇತ್ತು ಎಂದರೆ ನಂಬಿಕೆ ಬರಲಿಕ್ಕಿಲ್ಲ. ಅವರ ತಂದೆ ತಾಯಿಯರಿಗೆ ಮಾತ್ರ ಅದು ಚೆನ್ನಾಗಿ ನೆನಪಿದೆ. ಪುಟ್ಟಣ್ಣ ಕಣಗಾಲ್ ಅವರ ಹೆಸರು ಹೊತ್ತಿದ್ದ ಮಂದಿರ ಅದು. ಕಟ್ಟಡ ಈಗಿಲ್ಲ. ಆದರೆ ಪುಟ್ಟಣ್ಣನವರ ಚಿತ್ರಗಳಿವೆ. ತ್ರಿವೇಣಿಯವರ ಕಾದಂಬರಿಯಿಂದ ಬಂದ 1967ರ ‘ಬೆಳ್ಳಿಮೋಡ’ವನ್ನು ಮೊಮ್ಮಕ್ಕಳೂ ಇಂದು ಮನೆಯಲ್ಲೇ ಕುಳಿತು ನೋಡಬಹುದು. ತ.ರಾ.ಸು. ಅವರ ಮೂರು ಕಾದಂಬರಿಗಳನ್ನು ಒಂದಾಗಿ ಹೆಣೆದ 1972ರ ‘ನಾಗರಹಾವು’ 2018ರಲ್ಲಿ ಹೊಸ ರೂಪ ಪಡೆದು ಮತ್ತೆ ತೆರೆ ಕಂಡಿತು. ಪುಸ್ತಕ ಓದಿ ಚಿತ್ರ ನೋಡಬಹುದು, ಚಿತ್ರ ನೋಡಿ ಪುಸ್ತಕ ಹುಡುಕಬಹುದು. ಯಾವುದು ಚೆನ್ನಾಗಿದೆ ಎಂದು ಊಟದ ಹೊತ್ತಿಗೆ ಮನೆಯಲ್ಲಿ ಜಗಳವನ್ನೂ ಆಡಬಹುದು.

ಈ ಸುಖ ಎಲ್ಲ ಚಿತ್ರಗಳಿಗೂ ಸಿಕ್ಕಿಲ್ಲ. ಕನ್ನಡ ನಾಡಿನ ಮೂಕಿಚಿತ್ರಗಳ ಮಾತು ಬಂದಾಗಲೆಲ್ಲ ಮೊದಲ ಸಾಲಿನಲ್ಲಿ ಕೇಳಿಬರುವ ಹೆಸರು 1931ರ ‘ವಸಂತಸೇನಾ’. ‘ಮೃಚ್ಛಕಟಿಕ’ ಎಂಬ ಹೆಸರೂ ಅದಕ್ಕಿದೆ. ಶೂದ್ರಕನ ಸಂಸ್ಕೃತ ನಾಟಕವನ್ನು ತೆರೆಗೆ ತಂದ ಚಿತ್ರ ಅದು. ನಾಟಕ ಸಾವಿರಕ್ಕೂ ಹೆಚ್ಚು ವರ್ಷ ತಾಳೆಗರಿಗಳ ಮೇಲೆ ನಕಲಾಗುತ್ತಾ ಬಂದು ಇಂದಿಗೂ ಗ್ರಂಥಾಲಯದ ಕಪಾಟಿನಲ್ಲಿ ಕುಳಿತಿದೆ. ಅದನ್ನು ಆಧರಿಸಿದ ಚಿತ್ರ ಒಬ್ಬ ಮನುಷ್ಯನ ಆಯುಸ್ಸಿನಷ್ಟೂ ಬಾಳಲಿಲ್ಲ. ಉಳಿದುಬಂದಿರುವ ಭಾರತೀಯ ಮೂಕಿಗಳ ಪಟ್ಟಿಯಲ್ಲಿ ಅದರ ಹೆಸರಿಲ್ಲ.

ಯಾವ ಕಥೆ, ಯಾರ ಚಿತ್ರ?

ಕಥೆ ಉಜ್ಜಯಿನಿಯದು. ದಾನ ಮಾಡಿ ಮಾಡಿ ಬಡವನಾದ ಚಾರುದತ್ತ ಎಂಬ ಸಜ್ಜನ. ಅವನನ್ನು ಮೆಚ್ಚಿದ ಗಣಿಕೆ ವಸಂತಸೇನೆ. ಅವಳ ಬೆನ್ನು ಬಿದ್ದ ಶಕಾರ, ರಾಜನ ಭಾವಮೈದುನ. ಮೂರ್ಖತನ ಮತ್ತು ಕ್ರೌರ್ಯ ಒಂದೇ ದೇಹದಲ್ಲಿ ಸೇರಿದರೆ ಏನಾಗುತ್ತದೆ ಎಂಬುದಕ್ಕೆ ಅವನೇ ಸಾಕ್ಷಿ. ಚಾರುದತ್ತನ ಪುಟ್ಟ ಮಗ ರೋಹಸೇನ ನೆರೆಮನೆಯ ಹುಡುಗನ ಚಿನ್ನದ ಬಂಡಿ ಕಂಡು, ತನಗೆ ಮಣ್ಣಿನ ಬಂಡಿ ಬೇಡವೆಂದು ಅಳುತ್ತಾನೆ. ವಸಂತಸೇನೆ ಮೈಮೇಲಿನ ಒಡವೆಗಳನ್ನೆಲ್ಲ ಬಿಚ್ಚಿ ಆ ಮಣ್ಣಿನ ಬಂಡಿಗೆ ತುಂಬಿಬಿಡುತ್ತಾಳೆ. ನಾಟಕಕ್ಕೆ ಹೆಸರು ಬಂದದ್ದೇ ಈ ಬಂಡಿಯಿಂದ. ಕೊನೆಗೆ ಅದೇ ಒಡವೆಗಳು ಚಾರುದತ್ತನ ಕುತ್ತಿಗೆಗೆ ಉರುಳಾಗುತ್ತವೆ. ವಸಂತಸೇನೆಯನ್ನು ಕೊಂದವನು ಅವನೇ ಎಂಬ ಸುಳ್ಳು ಆರೋಪಕ್ಕೆ ನ್ಯಾಯಾಲಯದಲ್ಲಿ ಅವೇ ಸಾಕ್ಷಿ. ವಧಾಸ್ಥಾನಕ್ಕೆ ಕರೆದೊಯ್ದ ಮೇಲೆ, ಸತ್ತಳೆಂದುಕೊಂಡ ವಸಂತಸೇನೆ ಭಿಕ್ಷುವೊಬ್ಬನ ಜೊತೆ ಓಡಿಬರುತ್ತಾಳೆ. ಈ ನಡುವೆ ರಾಜ್ಯವೇ ಕೈಬದಲಾಗಿರುತ್ತದೆ.

ಹತ್ತು ಅಂಕಗಳ ಈ ನಾಟಕದಲ್ಲಿ ದೇವತೆಗಳಿಲ್ಲ, ಶಾಪವಿಲ್ಲ, ಪವಾಡವಿಲ್ಲ. ಜೂಜುಕೋರರು, ಗಾಡಿ ಹೊಡೆಯುವವರು, ಗೋಡೆಗೆ ಕನ್ನ ಹಾಕುವ ಕಳ್ಳ, ಹೊಟ್ಟೆಬಾಕ ಗೆಳೆಯ: ಎಲ್ಲ ಬೀದಿಯ ಜನ. ತಪ್ಪು ಗಾಡಿ ಹತ್ತುವುದು, ಕತ್ತಲಲ್ಲಿ ಬೇರೊಬ್ಬಳನ್ನು ಹಿಡಿಯುವುದು, ಹಿಂಬಾಲಿಸಿ ಓಡುವುದು ಮುಂತಾದ ಸನ್ನಿವೇಶಗಳಿಗೆ ಮಾತಿನ ಹಂಗು ಬೇಕಿಲ್ಲ. ಮೂಕಿಚಿತ್ರ ಮಾಡುವವರ ಕಣ್ಣಿಗೆ ಈ ನಾಟಕ ಬಿದ್ದದ್ದರಲ್ಲಿ ಆಶ್ಚರ್ಯವಿಲ್ಲ.

ನಿರ್ದೇಶಕ ಮೋಹನ್ ದಯಾರಾಂ ಭಾವನಾನಿ ಸಿಂಧ್ ಪ್ರಾಂತ್ಯದ ಹೈದರಾಬಾದಿನವರು. ಮ್ಯಾಂಚೆಸ್ಟರಿನಲ್ಲಿ ಓದಿ, 1924ರಲ್ಲಿ ಜರ್ಮನಿಯ ಪ್ರಸಿದ್ಧ ಊಫಾ ಸ್ಟುಡಿಯೋದಲ್ಲಿ ಚಿತ್ರನಿರ್ಮಾಣ ಕಲಿತು ಬಂದವರು. ಮುಂಬಯಿಯ ಕೊಹಿನೂರ್, ಇಂಪೀರಿಯಲ್ ಕಂಪೆನಿಗಳಿಗೆ ಚಿತ್ರ ಮಾಡಿದರು. ಸುಲೋಚನಾ ಎಂಬ ಹೆಸರಿನಲ್ಲಿ ಮೂಕಿಯುಗದ ರಾಣಿಯಾಗಿ ಮೆರೆದ ರೂಬಿ ಮೈಯರ್ಸ್ ತೆರೆಗೆ ಬಂದದ್ದು ಇವರ ‘ವೀರ ಬಾಲಾ’ ಚಿತ್ರದಿಂದ, 1925ರಲ್ಲಿ. ಸ್ವಾತಂತ್ರ್ಯ ಬಂದ ಮೇಲೆ ಫಿಲ್ಮ್ಸ್ ಡಿವಿಷನ್ನಿನ ಮೊದಲ ಮುಖ್ಯ ನಿರ್ಮಾಪಕರಾದವರೂ ಇವರೇ. ಎಂಬತ್ತು, ತೊಂಬತ್ತರ ದಶಕದವರೆಗೂ ಚಿತ್ರಮಂದಿರದಲ್ಲಿ ಮುಖ್ಯಚಿತ್ರಕ್ಕೆ ಮೊದಲು ‘ವಾರ್ತಾಚಿತ್ರ’ ನೋಡಿ ಬೆಳೆದ ಅಪ್ಪ ಅಮ್ಮಂದಿರು ಆ ಸಂಸ್ಥೆಯ ಹೆಸರನ್ನು ಮರೆತಿರಲಾರರು.

ಸಿಂಧಿ ನಿರ್ದೇಶಕ, ಸಂಸ್ಕೃತ ನಾಟಕ. ಇದು ಕನ್ನಡದ ಚಿತ್ರ ಹೇಗಾಯಿತು ಎಂಬ ಪ್ರಶ್ನೆ ಸಹಜ. ಮಾತೇ ಇಲ್ಲದ ಚಿತ್ರಕ್ಕೆ ಭಾಷೆ ಎಲ್ಲಿಂದ ಬರಬೇಕು? ಮೂಕಿಚಿತ್ರದ ನಡುನಡುವೆ ಬರುವ ಬರಹದ ಫಲಕಗಳನ್ನು ಒಂದೇ ಚೌಕಟ್ಟಿನಲ್ಲಿ ಎರಡು, ಮೂರು ಭಾಷೆಗಳಲ್ಲಿ ಬರೆಯುತ್ತಿದ್ದರು. ಓದು ಬಾರದ ಪ್ರೇಕ್ಷಕರೇ ಹೆಚ್ಚಿದ್ದ ಕಾಲ. ತೆರೆಯ ಪಕ್ಕ ನಿಂತು ಒಬ್ಬಾತ ಫಲಕವನ್ನು ಗಟ್ಟಿಯಾಗಿ ಓದಿ, ಬೇಕಾದಲ್ಲಿ ಉಪ್ಪುಖಾರ ಹಚ್ಚಿ ಕಥೆ ಹೇಳುತ್ತಿದ್ದ. ಹಾರ್ಮೋನಿಯಂ, ತಬಲಾದವರು ಓಟದ ದೃಶ್ಯಕ್ಕೆ ಒಂದು ನಡೆ, ಅಳುವ ದೃಶ್ಯಕ್ಕೆ ಇನ್ನೊಂದು ರಾಗ ನುಡಿಸುತ್ತಿದ್ದರು. ಮೈಸೂರಿನಲ್ಲಿ ಕನ್ನಡವಾಗಿದ್ದ ಚಿತ್ರ ಮದರಾಸಿಗೆ ಹೋದರೆ ತಮಿಳಾಗಬಹುದಿತ್ತು. ಹೀಗಾಗಿ ‘ಮೊದಲ ಕನ್ನಡ ಮೂಕಿ’ ಎಂಬ ಪಟ್ಟವನ್ನು ಯಾರ ತಲೆಗೆ ಕಟ್ಟಿದರೂ ವಾದಕ್ಕೆ ಎಡೆ ಇದ್ದೇ ಇರುತ್ತದೆ. ಗುಬ್ಬಿ ವೀರಣ್ಣನವರಂಥ ರಂಗಭೂಮಿಯ ದಿಗ್ಗಜರು ಕೂಡ ಅದೇ ಕಾಲಕ್ಕೆ ಬೆಂಗಳೂರಿನಲ್ಲಿ ‘ಹಿಸ್ ಲವ್ ಅಫೇರ್’, ‘ಹರಿಮಾಯ’ ಮುಂತಾದ ಮೂಕಿಚಿತ್ರಗಳಿಗೆ ಹಣ ಸುರಿದಿದ್ದರು.

ಇಬ್ಬರು ಹೆಣ್ಣುಮಕ್ಕಳ ಧೈರ್ಯ

‘ವಸಂತಸೇನಾ’ ಚಿತ್ರದ ನಿಜವಾದ ಮಹತ್ವ ಬೇರೆಡೆ ಇದೆ. ಅದರಲ್ಲಿ ನಟಿಸಿದ ಇಬ್ಬರು ಮಹಿಳೆಯರು ಏಣಾಕ್ಷಿ ರಾಮರಾವ್ ಮತ್ತು ಕಮಲಾದೇವಿ ಚಟ್ಟೋಪಾಧ್ಯಾಯ.

ಇದರ ತೂಕ ತಿಳಿಯಬೇಕಾದರೆ ಅಂದಿನ ದಿನಗಳನ್ನು ನೆನೆಯಬೇಕು. 1913ರಲ್ಲಿ ದಾದಾಸಾಹೇಬ್ ಫಾಲ್ಕೆ ‘ರಾಜಾ ಹರಿಶ್ಚಂದ್ರ’ ಮಾಡಲು ಹೊರಟಾಗ ತಾರಾಮತಿಯ ಪಾತ್ರಕ್ಕೆ ಹೆಣ್ಣೊಬ್ಬಳು ಸಿಗಲಿಲ್ಲ. ಸಾಳುಂಕೆ ಎಂಬ ಗಂಡಸೇ ಸೀರೆ ಉಟ್ಟು ನಿಂತ. ಮುಂದೆ ನಟಿಯರು ಬಂದರೂ ಅವರಲ್ಲಿ ಬಹಳಷ್ಟು ಮಂದಿ ಆಂಗ್ಲೋ ಇಂಡಿಯನ್ ಅಥವಾ ಯಹೂದಿ ಮನೆತನದವರು, ಇಲ್ಲವೇ ಹಾಡು ಕುಣಿತವನ್ನೇ ವೃತ್ತಿಯಾಗಿಸಿಕೊಂಡಿದ್ದ ಮನೆಗಳವರು. ‘ಒಳ್ಳೆಯ ಮನೆತನದ’ ಹೆಣ್ಣು ಕ್ಯಾಮೆರಾ ಮುಂದೆ ನಿಂತರೆ ಮನೆತನದ ಮಾನ ಹೋಯಿತೆಂದೇ ಲೆಕ್ಕ. ಅಂಥ ಹೊತ್ತಿನಲ್ಲಿ ಈ ಇಬ್ಬರು ನಟಿಸಿದ್ದು ಎಂಥ ಕಥೆಯಲ್ಲಿ? ಗಣಿಕೆಯೊಬ್ಬಳು ಊರಿನ ಸಂಭಾವಿತರೆಲ್ಲರಿಗಿಂತ ಹೆಚ್ಚು ಮಾನವಂತಳಾಗಿ ಕಾಣುವ ಕಥೆಯಲ್ಲಿ. ನಟಿ ಎಂದರೆ ಗಣಿಕೆ ಎಂದು ಮೂಗು ಮುರಿಯುತ್ತಿದ್ದ ಸಮಾಜಕ್ಕೆ ಇದಕ್ಕಿಂತ ಚುರುಕಾದ ಉತ್ತರ ಇನ್ನೊಂದಿರಲಾರದು.

ಕಮಲಾದೇವಿಯವರ ಹೆಸರು ಶಾಲೆಯ ಮಕ್ಕಳಿಗೂ ಗೊತ್ತು, ಆದರೆ ಚಿತ್ರನಟಿಯೆಂದಲ್ಲ. 1903ರಲ್ಲಿ ಮಂಗಳೂರಿನಲ್ಲಿ ಹುಟ್ಟಿದವರು. ಬಾಲ್ಯದಲ್ಲೇ ಮದುವೆ, ಬಾಲ್ಯದಲ್ಲೇ ವೈಧವ್ಯ. ಮುಂದೆ ಕವಿ, ನಟ ಹರೀಂದ್ರನಾಥ ಚಟ್ಟೋಪಾಧ್ಯಾಯರ ಕೈಹಿಡಿದು, ಅವರೊಂದಿಗೆ ರಂಗಭೂಮಿಗೂ ಇಳಿದರು. 1926ರಲ್ಲಿ ಮದರಾಸು ಶಾಸನಸಭೆಗೆ ಸ್ಪರ್ಧಿಸಿ, ಅಂಥ ಚುನಾವಣೆಗೆ ನಿಂತ ದೇಶದ ಮೊದಲ ಮಹಿಳೆ ಎನಿಸಿದರು, ಸೋತದ್ದು ಕೂದಲೆಳೆಯಲ್ಲಿ. 1930ರ ಉಪ್ಪಿನ ಸತ್ಯಾಗ್ರಹಕ್ಕೆ ಹೆಂಗಸರನ್ನೂ ಸೇರಿಸಿಕೊಳ್ಳಬೇಕೆಂದು ಗಾಂಧೀಜಿಯವರ ಜೊತೆ ವಾದ ಮಾಡಿ ಒಪ್ಪಿಸಿದವರಲ್ಲಿ ಅವರೂ ಒಬ್ಬರು. ಆ ಸತ್ಯಾಗ್ರಹದಲ್ಲಿ ಜೈಲಿಗೂ ಹೋದರು. ಸ್ವಾತಂತ್ರ್ಯಾನಂತರ ಕರಕುಶಲ ಕಲೆಗಳಿಗೆ, ಕೈಮಗ್ಗಕ್ಕೆ, ನಾಟಕಕ್ಕೆ ಅವರು ಕಟ್ಟಿಕೊಟ್ಟ ಸಂಸ್ಥೆಗಳ ಪಟ್ಟಿ ದೊಡ್ಡದು. 1966ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ, 1987ರಲ್ಲಿ ಪದ್ಮವಿಭೂಷಣ. 1988ರಲ್ಲಿ ತೀರಿಕೊಂಡರು. ಇಷ್ಟೆಲ್ಲ ಮಾಡಿದವರ ಭಾವಚಿತ್ರಗಳಿಗೆ ಬರವಿಲ್ಲ. ಆದರೆ ಇಪ್ಪತ್ತೆಂಟರ ಹರೆಯದ ಕಮಲಾದೇವಿ ಪಾತ್ರವೊಂದರಲ್ಲಿ ಮುಳುಗಿ ನಡೆದಾಡಿದ ಈ ಚಿತ್ರ ಮಾತ್ರ ಇಲ್ಲ.

ವಸಂತಸೇನೆಯ ಪಾತ್ರ ಮಾಡಿದ ಏಣಾಕ್ಷಿಯವರ ವಿಷಯದಲ್ಲಿ ಕಾಲ ಸ್ವಲ್ಪ ಕರುಣೆ ತೋರಿದೆ. 1928ರಲ್ಲಿ ಹಿಮಾಂಶು ರಾಯ್ ಮತ್ತು ಜರ್ಮನ್ ನಿರ್ದೇಶಕ ಫ್ರಾನ್ಜ್ ಓಸ್ಟೆನ್ ಸೇರಿ ಮಾಡಿದ ‘ಶಿರಾಜ್’ ಮೂಕಿಚಿತ್ರದಲ್ಲಿ ಅವರು ಮುಮ್ತಾಜ್ ಮಹಲ್ ಆಗುವ ಸೆಲೀಮಾ. ಆ ಚಿತ್ರದ ಪ್ರತಿ ಇಂಗ್ಲೆಂಡಿನಲ್ಲಿ ಭದ್ರವಾಗಿತ್ತು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅದನ್ನು ಚೊಕ್ಕಟಗೊಳಿಸಿ, ಅನೂಷ್ಕಾ ಶಂಕರ್ ಅವರ ಸಂಗೀತದೊಂದಿಗೆ 2017ರಲ್ಲಿ ಮತ್ತೆ ತೆರೆಗೆ ತಂದಿತು. ನೋಡಿದವರಿಗೆ ಗೊತ್ತು, ಏಣಾಕ್ಷಿಯವರ ಕಣ್ಣುಗಳೇ ಮುಕ್ಕಾಲು ಪಾಲು ಅಭಿನಯ ಮುಗಿಸಿಬಿಡುತ್ತವೆ. ಮುಂದೆ ಅವರು ಭಾವನಾನಿಯವರನ್ನು ಮದುವೆಯಾಗಿ, ಏಣಾಕ್ಷಿ ಭಾವನಾನಿ ಎಂಬ ಹೆಸರಿನಲ್ಲಿ ಭಾರತೀಯ ನೃತ್ಯದ ಬಗ್ಗೆ, ಕುಶಲಕಲೆಗಳ ಬಗ್ಗೆ ಇಂಗ್ಲಿಷಿನಲ್ಲಿ ದೊಡ್ಡ ಗ್ರಂಥಗಳನ್ನು ಬರೆದರು. ಅವರ ಪುಸ್ತಕಗಳಿವೆ, ಮುಮ್ತಾಜ್ ಇದ್ದಾಳೆ. ವಸಂತಸೇನೆ ಇಲ್ಲ.

ಎಲ್ಲಿ ಹೋದವು ರೀಲುಗಳು?

ಒಂದು ಚಿತ್ರ ಕಳೆದುಹೋಗುವುದೆಂದರೇನು ಎಂದು ಮೊಬೈಲಿನಲ್ಲೇ ಸಿನಿಮಾ ನೋಡುವ ಮಕ್ಕಳು ಕೇಳುವುದು ನ್ಯಾಯವೇ. ಉತ್ತರ ರಸಾಯನಶಾಸ್ತ್ರದಲ್ಲಿದೆ.

ಅಂದಿನ ಫಿಲ್ಮು ಸೆಲ್ಯುಲೋಸ್ ನೈಟ್ರೇಟ್ ಎಂಬ ವಸ್ತುವಿನದು. ಹತ್ತಿಗೆ ನೈಟ್ರಿಕ್ ಆಮ್ಲ ಸೇರಿಸಿ ಮಾಡುವ ತೋಪಿನ ಮದ್ದಿಗೆ ಇದು ಹತ್ತಿರದ ನೆಂಟ. ತೆರೆಯ ಮೇಲೆ ಬೆಳ್ಳಿಯಂತೆ ಹೊಳೆಯುವ ಬಿಂಬ ಕೊಡುತ್ತದೆ, ನಿಜ. ಆದರೆ ಬೆಂಕಿ ತಗುಲಿದರೆ ಆರಿಸುವುದು ಅಸಾಧ್ಯವೆನ್ನುವಷ್ಟು ಕಷ್ಟ. ಉರಿಯಲು ಬೇಕಾದ ಆಮ್ಲಜನಕವನ್ನು ತಾನೇ ಹುಟ್ಟಿಸಿಕೊಳ್ಳುವುದರಿಂದ ನೀರಿನಲ್ಲಿ ಮುಳುಗಿಸಿದರೂ ಉರಿಯುತ್ತದೆ. ಬೆಂಕಿ ತಾಗದಿದ್ದರೂ ಸೆಕೆ ಮತ್ತು ತೇವ ಸೇರಿದರೆ ತಾನಾಗಿಯೇ ಕೊಳೆಯತೊಡಗುತ್ತದೆ. ಮೊದಲು ಬಿಂಬ ಮಂಕಾಗುತ್ತದೆ, ಆಮೇಲೆ ಫಿಲ್ಮು ಜೇನಿನಂತೆ ಅಂಟಂಟಾಗುತ್ತದೆ, ಕೊನೆಗೆ ಡಬ್ಬಿ ತೆಗೆದರೆ ಕಂದು ಬಣ್ಣದ ಪುಡಿ. ಕೊಡಕ್ ಕಂಪೆನಿ ನೈಟ್ರೇಟ್ ಫಿಲ್ಮು ತಯಾರಿಸುವುದನ್ನು ನಿಲ್ಲಿಸಿದ್ದು 1951ರಲ್ಲಿ. ಅಲ್ಲಿಯವರೆಗೆ ಇದೇ ಗತಿ.

ಕೊಳೆಯುವಿಕೆಗಿಂತ ವೇಗವಾಗಿ ಕೆಲಸ ಮಾಡಿದ್ದು ವ್ಯಾಪಾರ. ‘ವಸಂತಸೇನಾ’ ಬಂದ ಅದೇ 1931ರ ಮಾರ್ಚ್ 14ರಂದು ಮುಂಬಯಿಯ ಮೆಜೆಸ್ಟಿಕ್ ಚಿತ್ರಮಂದಿರದಲ್ಲಿ ‘ಆಲಂ ಆರಾ’ ತೆರೆ ಕಂಡು ಸಿನಿಮಾ ಮಾತನಾಡತೊಡಗಿತು. ಮಾತು ಬಂದ ಮೇಲೆ ಮೂಕಿಯನ್ನು ಕೇಳುವವರು ಯಾರು? ಎರಡು ಮೂರು ವರ್ಷಗಳಲ್ಲಿ ಮೂಕಿಚಿತ್ರಗಳ ರೀಲುಗಳು ಗೋದಾಮಿನ ಬಾಡಿಗೆಗೂ ಬಾಳದ ಸರಕಾದವು. ಫಿಲ್ಮಿನ ಲೇಪದಲ್ಲಿ ನಿಜವಾದ ಬೆಳ್ಳಿಯಿತ್ತು. ಅದನ್ನು ತೊಳೆದು ತೆಗೆದರೆ ನಾಲ್ಕು ಕಾಸು ಕೈಗೆ ಬರುತ್ತಿತ್ತು. ಬೆಳ್ಳಿ ಹೋದ ಪಟ್ಟಿಯನ್ನು ಬಳೆ ಮಾಡುವವರು ಕೊಳ್ಳುತ್ತಿದ್ದರು. ವಿಚಿತ್ರವೆಂದರೆ ಮೂಕಿಯನ್ನು ಮೂಲೆಗೆ ತಳ್ಳಿದ ‘ಆಲಂ ಆರಾ’ ಕೂಡ ಅದೇ ದಾರಿ ಹಿಡಿಯಿತು. ನಿರ್ಮಾಪಕ ಅರ್ದೇಶಿರ್ ಇರಾನಿಯವರ ಮಗನೇ ಅದರ ರೀಲುಗಳು ಬೆಳ್ಳಿಗಾಗಿ ಹೋದವೆಂದು ಹೇಳಿಕೊಂಡದ್ದು 2012ರ ‘ಸೆಲ್ಯುಲಾಯ್ಡ್ ಮ್ಯಾನ್’ ಸಾಕ್ಷ್ಯಚಿತ್ರದಲ್ಲಿದೆ.

ಸರ್ಕಾರಕ್ಕೂ ಇದರ ಕಾಳಜಿ ಇರಲಿಲ್ಲ. ಪುಸ್ತಕ ಅಚ್ಚು ಹಾಕಿದವರು ಪ್ರತಿಗಳನ್ನು ಸರ್ಕಾರಕ್ಕೆ ಒಪ್ಪಿಸಬೇಕೆಂಬ ಕಾನೂನು 1867ರಲ್ಲೇ ಬಂದಿತ್ತು. 1918ರ ಸಿನಿಮಾಟೋಗ್ರಾಫ್ ಕಾಯ್ದೆ ಚಿತ್ರವನ್ನು ಪರೀಕ್ಷಿಸಲು, ಚಿತ್ರಮಂದಿರಕ್ಕೆ ಲೈಸೆನ್ಸು ಕೊಡಲು ಇತ್ತೇ ಹೊರತು ಕಾಪಾಡಲು ಅಲ್ಲ. ದೇಶದಲ್ಲಿ ತಯಾರಾದ ಮೂಕಿಚಿತ್ರಗಳು 1300ಕ್ಕೂ ಹೆಚ್ಚು. ಪೂರ್ತಿಯಾಗಿಯೋ ತುಣುಕಾಗಿಯೋ ಉಳಿದಿರುವುದು ಸುಮಾರು 30. ನೂರಕ್ಕೆ ಎರಡೋ ಮೂರೋ! ಇದು ಬಡ ದೇಶದ ಪಾಡು ಎಂದುಕೊಳ್ಳಬೇಕಿಲ್ಲ. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ 2013ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ ಅಲ್ಲಿನ ಹನ್ನೊಂದು ಸಾವಿರದಷ್ಟು ಪೂರ್ಣಾವಧಿ ಮೂಕಿಚಿತ್ರಗಳಲ್ಲಿ ಮೂಲ ರೂಪದಲ್ಲೇ ಸಂಪೂರ್ಣವಾಗಿ ಉಳಿದವು ನೂರಕ್ಕೆ 14 ಮಾತ್ರ.

ಪುಸ್ತಕ ಬದುಕಿತು

ಕಾದಂಬರಿಯಿಂದ ಬಂದ ಮೂಕಿಗಳ ಕಥೆ ಇನ್ನಷ್ಟು ಬೇಸರ ತರುವಂಥದು. ಅಲ್ಲಿ ಏನು ಹೋಯಿತೆಂಬುದನ್ನು ಪುಸ್ತಕ ಎದುರಿಗೇ ಕುಳಿತು ನೆನಪಿಸುತ್ತಿರುತ್ತದೆ. ಶರಚ್ಚಂದ್ರರ ‘ದೇವದಾಸ’ನನ್ನು ಕನ್ನಡದ ಓದುಗರು ಮನೆಯವನಂತೆ ಕಂಡಿದ್ದಾರೆ. ಸೈಗಲ್, ದಿಲೀಪ್ ಕುಮಾರ್, ಶಾರುಖ್ ಖಾನ್ ಎಂದು ಒಂದೊಂದು ತಲೆಮಾರಿಗೂ ಒಬ್ಬೊಬ್ಬ ದೇವದಾಸ. ಇವರೆಲ್ಲರಿಗಿಂತ ಮೊದಲು, 1928ರಲ್ಲಿ ನರೇಶ್ ಮಿತ್ರ ನಿರ್ದೇಶಿಸಿದ ಮೂಕಿ ‘ದೇವದಾಸ್’ ಇತ್ತು. ಈಗ ಇಲ್ಲ. ಬೆಳಗಾವಿಯಿಂದ ಕೂಗಳತೆಯ ಕೊಲ್ಹಾಪುರದಲ್ಲಿ ಬಾಬುರಾವ್ ಪೇಂಟರ್ 1925ರಲ್ಲಿ ‘ಸಾವಕಾರಿ ಪಾಶ್’ ಮಾಡಿದರು. ಮರಾಠಿ ಕಾದಂಬರಿಕಾರ ನಾರಾಯಣ ಹರಿ ಆಪ್ಟೆಯವರ ಕಥೆ. ಸಾಲಗಾರನ ಹಿಡಿತಕ್ಕೆ ಸಿಕ್ಕಿ ನೆಲ ಕಳೆದುಕೊಂಡು ಪೇಟೆ ಸೇರುವ ರೈತನಾಗಿ ನಟಿಸಿದವರು ವಿ. ಶಾಂತಾರಾಂ. ಅದೂ ಇಲ್ಲ. ಬಡ ಗುಡಿಸಲು, ಮಂದ ಬೆಳಕು, ಊಳಿಡುವ ನಾಯಿ ಇದ್ದ ಒಂದು ದೃಶ್ಯವನ್ನು ನಿರ್ಮಾಪಕ ಜೆ.ಬಿ.ಎಚ್. ವಾಡಿಯಾ ಎಷ್ಟೋ ವರ್ಷಗಳ ಮೇಲೆ ನೆನೆದು ಬರೆದರು. ಇಂದಿಗೆ ಉಳಿದಿರುವುದು ಆ ನೆನಪು. ಸಮುದ್ರದಾಚೆ, ಫಿಟ್ಜ್‌ಜೆರಾಲ್ಡರ ‘ದಿ ಗ್ರೇಟ್ ಗ್ಯಾಟ್ಸ್‌ಬಿ’ ಕಾದಂಬರಿ ಬಂದ ಮರುವರ್ಷವೇ, 1926ರಲ್ಲಿ, ಪ್ಯಾರಾಮೌಂಟ್ ಕಂಪೆನಿ ಮಾಡಿದ ಮೂಕಿಚಿತ್ರದಲ್ಲಿ ಉಳಿದಿರುವುದು ಸುಮಾರು ಒಂದು ನಿಮಿಷದ ಜಾಹೀರಾತು ತುಣುಕು. ಅಂದ ಹಾಗೆ, ಲೇಖಕ ದಂಪತಿಗಳು ಆ ಚಿತ್ರವನ್ನು ಪೂರ್ತಿ ನೋಡಲಾರದೆ ಎದ್ದು ಹೋಗಿದ್ದರಂತೆ! ಅವರ ಸಿಟ್ಟು ಸರಿಯೋ ತಪ್ಪೋ ಎಂದು ತೀರ್ಪು ಕೊಡಲು ಇನ್ನು ಯಾರಿಗೂ ಸಾಧ್ಯವಿಲ್ಲ.

ಇದಕ್ಕೆ ತದ್ವಿರುದ್ಧವಾದ ಕಥೆ ಪಕ್ಕದ ಕೇರಳದ್ದು. ಸಿ.ವಿ. ರಾಮನ್ ಪಿಳ್ಳೆಯವರ 1891ರ ‘ಮಾರ್ತಾಂಡವರ್ಮ’ ಮಲಯಾಳಂನ ಹೆಸರಾಂತ ಐತಿಹಾಸಿಕ ಕಾದಂಬರಿ. 1933ರಲ್ಲಿ ಆರ್. ಸುಂದರ್‌ರಾಜ್ ಅದನ್ನು ಪಿ.ವಿ. ರಾವ್ ಅವರ ನಿರ್ದೇಶನದಲ್ಲಿ ಮೂಕಿಚಿತ್ರವಾಗಿಸಿದರು. ಕಾದಂಬರಿಯ ಹಕ್ಕು ಕಮಲಾಲಯ ಬುಕ್ ಡಿಪೋ ಎಂಬ ಪ್ರಕಾಶಕರದು, ಅವರನ್ನು ಕೇಳಿರಲಿಲ್ಲ. ತಿರುವನಂತಪುರದಲ್ಲಿ ಪ್ರದರ್ಶನ ಶುರುವಾಗುತ್ತಿದ್ದಂತೆ ಮೊಕದ್ದಮೆ ಬಂತು, ಚಿತ್ರ ಜಪ್ತಿಯಾಯಿತು. ನಿರ್ಮಾಪಕರು ಮುಳುಗಿದರು. ಆದರೆ ರೀಲುಗಳು ಊರೂರು ಸುತ್ತಿ ಸವೆಯಲಿಲ್ಲ, ಬೆಳ್ಳಿಗೆ ಮಾರಾಟವಾಗಲಿಲ್ಲ. ಪುಸ್ತಕದ ಅಂಗಡಿಯವರ ಬಳಿ ಬಿದ್ದಿದ್ದ ಪ್ರತಿ 1974ರಲ್ಲಿ ಪುಣೆಯ ರಾಷ್ಟ್ರೀಯ ಚಲನಚಿತ್ರ ಭಂಡಾರ ಸೇರಿತು. ದಕ್ಷಿಣ ಭಾರತದ ಮೂಕಿಚಿತ್ರಗಳ ಪೈಕಿ ಇಂದು ನೋಡಲು ಸಿಗುವುದು ಬಹುಮಟ್ಟಿಗೆ ಇದೊಂದೇ. ಶೂದ್ರಕನ ವಾರಸುದಾರರು ಯಾರಾದರೂ ಬೆಂಗಳೂರಿನಲ್ಲಿದ್ದು ಭಾವನಾನಿಯವರ ಮೇಲೆ ದಾವೆ ಹೂಡಿದ್ದರೆ ಚೆನ್ನಾಗಿತ್ತು!

ಮಾತು ಬಂದ ಮೇಲೂ ಕನ್ನಡಕ್ಕೆ ಅದೃಷ್ಟ ಒಲಿಯಲಿಲ್ಲ. ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ 1934ರ ಮಾರ್ಚ್ 3ರಂದು ಬೆಂಗಳೂರಿನ ಸಿಟಿ ಮಾರುಕಟ್ಟೆಯ ಬಳಿಯ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ಬಿಡುಗಡೆಯಾಯಿತು. ನಿರ್ದೇಶನ ವೈ.ವಿ. ರಾವ್ ಅವರದು, ಚಿತ್ರೀಕರಣ ನಡೆದದ್ದು ಕೊಲ್ಹಾಪುರದಲ್ಲಿ. ಬೆಳ್ಳಾವೆ ನರಹರಿಶಾಸ್ತ್ರಿಗಳ ಸಾಹಿತ್ಯ, ರಾವಣನಾಗಿ ಆರ್. ನಾಗೇಂದ್ರರಾವ್, ಇಂದ್ರಜಿತುವಾಗಿ ಸುಬ್ಬಯ್ಯನಾಯ್ಡು, ಸುಲೋಚನೆಯಾಗಿ ತ್ರಿಪುರಾಂಬ. ಜನ ಮುಗಿಬಿದ್ದು ನೋಡಿದರು, ವಾರಗಟ್ಟಲೆ ಓಡಿತು. ಅದರ ಪ್ರತಿಯೂ ಇಂದು ಇಲ್ಲ. ಪ್ರತಿ ವರ್ಷ ಮಾರ್ಚ್ 3 ಬಂದಾಗ ಕನ್ನಡ ಚಿತ್ರರಂಗದ ಹುಟ್ಟುಹಬ್ಬ ಆಚರಿಸುವವರು ನೋಡುವುದು ಕೆಲವು ಸ್ಥಿರಚಿತ್ರಗಳನ್ನಷ್ಟೇ.

ಬಂಡಿ ಮತ್ತೆ ಮತ್ತೆ ಉರುಳಿತು

ಕಥೆ ಮಾತ್ರ ಸುಮ್ಮನೆ ಕೂರಲಿಲ್ಲ. 1941ರಲ್ಲಿ ರಾಮಯ್ಯರ್ ಶಿರೂರ್ ನಿರ್ದೇಶನದಲ್ಲಿ ಕನ್ನಡ ವಾಕ್ಚಿತ್ರ ‘ವಸಂತಸೇನಾ’ ಬಂತು. ಸುಬ್ಬಯ್ಯನಾಯ್ಡು ಚಾರುದತ್ತ, ಲಕ್ಷ್ಮೀಬಾಯಿ ವಸಂತಸೇನೆ, ನಾಗೇಂದ್ರರಾವ್ ಶಕಾರ. ಖಳನನ್ನೂ ಪ್ರೇಕ್ಷಕ ಪ್ರೀತಿಯಿಂದ ನೆನೆಯುವಂತೆ ಮಾಡಿದ ಪಾತ್ರ ಅದು. ಆಮೇಲೆ 1984ರಲ್ಲಿ ಗಿರೀಶ ಕಾರ್ನಾಡರು ಹಿಂದಿಯಲ್ಲಿ ‘ಉತ್ಸವ್’ ಮಾಡಿದರು. ರೇಖಾ ವಸಂತಸೇನೆ, ಶಶಿ ಕಪೂರ್ ಶಕಾರ, ಕನ್ನ ಹಾಕುವ ಕಳ್ಳನಾಗಿ ನಮ್ಮ ಶಂಕರನಾಗ್. ಕಾರ್ನಾಡರು 2019ರಲ್ಲಿ ತೀರಿಕೊಂಡರು. ‘ಉತ್ಸವ್’ ಮಾತ್ರ ಯಾವ ಕ್ಷಣದಲ್ಲಿ ಬೇಕಾದರೂ ನೋಡಲು ಸಿಗುತ್ತದೆ. ಅವರ ಶಕಾರನನ್ನೂ ಭಾವನಾನಿಯವರ ಶಕಾರನನ್ನೂ ಅಕ್ಕಪಕ್ಕ ಇಟ್ಟು ಹೋಲಿಸುವಂತಿದ್ದರೆ ಅದೊಂದು ಒಳ್ಳೆಯ ಪಾಠವೇ ಆಗುತ್ತಿತ್ತು.

ಭಾವನಾನಿಯವರಿಗೆ ಈ ದುರದೃಷ್ಟ ಒಮ್ಮೆಗೇ ಮುಗಿಯಲಿಲ್ಲ. 1934ರಲ್ಲಿ ಅವರು ಮಾಡಿದ ‘ಮಜ್ದೂರ್’ ಚಿತ್ರಕ್ಕೆ ಕಥೆ ಬರೆದವರು ಮುನ್ಷಿ ಪ್ರೇಮಚಂದ್. ಒಂದು ಸಣ್ಣ ಪಾತ್ರದಲ್ಲಿ ಸ್ವತಃ ಕಾಣಿಸಿಕೊಂಡಿದ್ದರು ಕೂಡ. ಗಿರಣಿ ಕಾರ್ಮಿಕರ ಮುಷ್ಕರದ ಕಥೆಯೆಂದು ಮುಂಬಯಿಯ ಸೆನ್ಸಾರ್ ಮಂಡಳಿ ಅದನ್ನು ತಡೆಯಿತು. ಹಿಂದಿಯ ಅತಿ ದೊಡ್ಡ ಕಾದಂಬರಿಕಾರ ಚಲಿಸುವ ಬಿಂಬವಾಗಿ ಇದ್ದ ಆ ಚಿತ್ರವೂ ನಾಪತ್ತೆ.

ಉಳಿದದ್ದಾದರೂ ಉಳಿದದ್ದು ಹೇಗೆ ಎಂದರೆ ಒಬ್ಬ ಮನುಷ್ಯನ ಹಟದಿಂದ ಎನ್ನಬೇಕು. 1964ರಲ್ಲಿ ಪುಣೆಯಲ್ಲಿ ಚಲನಚಿತ್ರ ಭಂಡಾರ ಆರಂಭವಾದ ಮೇಲೆ ಅದನ್ನು ಕಟ್ಟಿ ಬೆಳೆಸಿದವರು ಪಿ.ಕೆ. ನಾಯರ್. ನಾಸಿಕಕ್ಕೆ ಹೋಗಿ ಫಾಲ್ಕೆಯವರ ಮನೆಯವರಿಂದ ರೀಲಿನ ತುಂಡುಗಳನ್ನು ತಂದು ಜೋಡಿಸಿದವರು. ಗೋದಾಮು, ಗುಜರಿ ಅಂಗಡಿ ಯಾವುದಕ್ಕೂ ಹೇಸದೆ ಅಲೆದವರು. ‘ಸೆಲ್ಯುಲಾಯ್ಡ್ ಮ್ಯಾನ್’ ಅವರ ಬದುಕಿನ ಕಥೆಯೇ. ಅವರಿಗೂ ಕರ್ನಾಟಕಕ್ಕೂ ಗಟ್ಟಿ ನಂಟಿತ್ತು. ಸಾಗರದ ಬಳಿಯ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರ ನೀನಾಸಂ ನಡೆಸಿದ ಚಿತ್ರ ರಸಗ್ರಹಣ ಶಿಬಿರಗಳಿಗೆ ಭಂಡಾರದಿಂದ ‘ಪಥೇರ್ ಪಾಂಚಾಲಿ’, ‘ರಾಶೋಮನ್’ ಮುಂತಾದ ಚಿತ್ರಗಳ ಡಬ್ಬಿಗಳು ಬಂದವು. ಅಡಿಕೆ ತೋಟದ ಜನ ಕುರೊಸಾವಾನನ್ನು ನೋಡಿ ಚರ್ಚಿಸಿದರು. ದಕ್ಷಿಣ ಬೆಂಗಳೂರಿನಲ್ಲಿ ಇದೇ ಕೆಲಸವನ್ನು 1971ರಿಂದ ಮಾಡುತ್ತಾ ಬಂದದ್ದು ಸುಚಿತ್ರಾ ಫಿಲ್ಮ್ ಸೊಸೈಟಿ. ಬನಶಂಕರಿ ಎರಡನೇ ಹಂತದ ಅದರ ಅಂಗಳದಲ್ಲಿ ಸಿನಿಮಾ ನೋಡುವುದನ್ನು ಕಲಿತವರು ಇಂದಿನ ಎಷ್ಟೋ ನಿರ್ದೇಶಕರಲ್ಲಿದ್ದಾರೆ.

ಭಂಡಾರ ಸೇರಿದ ಮಾತ್ರಕ್ಕೆ ಗೆದ್ದಂತೆಯೂ ಅಲ್ಲ. 2003ರ ಜನವರಿ 8ರಂದು ಪುಣೆಯಲ್ಲಿ ನೈಟ್ರೇಟ್ ಫಿಲ್ಮುಗಳಿದ್ದ ಉಗ್ರಾಣಕ್ಕೆ ಬೆಂಕಿ ಬಿದ್ದು ಸುಮಾರು 600 ಚಿತ್ರಗಳ ರೀಲುಗಳು ಸುಟ್ಟುಹೋದವು. 2022ರಲ್ಲಿ ಭಂಡಾರ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಗಿ, ಹಳೆಯ ಚಿತ್ರಗಳನ್ನು ಡಿಜಿಟಲ್ ರೂಪಕ್ಕೆ ತರುವ ಕೆಲಸ ನಡೆದಿದೆ.

ಅಟ್ಟ ಖಾಲಿ ಮಾಡುವ ಮುನ್ನ

ಜಯನಗರ, ಬನಶಂಕರಿಗಳ ಹಳೆಯ ಒಂಟಿಮನೆಗಳು ಒಂದೊಂದಾಗಿ ಉರುಳಿ ಅಪಾರ್ಟ್‌ಮೆಂಟುಗಳು ಏಳುತ್ತಿವೆ. ಮನೆ ಒಡೆಯುವ ವಾರದಲ್ಲಿ ಅಟ್ಟದ ಟ್ರಂಕು ಕೆಳಗಿಳಿಯುತ್ತದೆ, ತಕ್ಕಡಿ ಹಿಡಿದ ಹಳೇಪೇಪರಿನವನು ಬಾಗಿಲಲ್ಲಿ ನಿಂತಿರುತ್ತಾನೆ. ಆ ಟ್ರಂಕಿನಲ್ಲಿ ತಾತನ ಕಾಲದ ಸಿನಿಮಾ ಹಾಡಿನ ಪುಸ್ತಕ, ಕೈಚೀಟಿ, ನಾಟಕ ಕಂಪೆನಿಯ ಪೋಸ್ಟರು, ನಟನಟಿಯರ ಫೋಟೋ ಇರಬಹುದು. ಕಳೆದುಹೋದ ಚಿತ್ರದಲ್ಲಿ ಯಾರು ಯಾವ ಪಾತ್ರ ಮಾಡಿದರು, ಎಲ್ಲಿ ಎಷ್ಟು ದಿನ ಓಡಿತು ಎಂಬುದಕ್ಕೆ ಸಂಶೋಧಕರಿಗೆ ಇಂಥವೇ ಆಧಾರ. ರಜೆಯಲ್ಲಿ ಮಕ್ಕಳಿಗೆ ಏನು ಕೆಲಸ ಕೊಡುವುದೆಂದು ಯೋಚಿಸುವ ತಾಯಂದಿರು ಟ್ರಂಕನ್ನೇ ಒಪ್ಪಿಸಬಹುದು.

ಅಕಸ್ಮಾತ್ ಫಿಲ್ಮಿನ ಡಬ್ಬಿಯೇ ಸಿಕ್ಕರೆ ಎಚ್ಚರ ಬೇಕು. 1951ಕ್ಕಿಂತ ಹಳೆಯ, 35 ಮಿಲಿಮೀಟರ್ ಅಗಲದ ಫಿಲ್ಮಾದರೆ ದೀಪ, ಒಲೆ, ಬಿಸಿಲು ಯಾವುದರ ಹತ್ತಿರವೂ ತೆರೆಯಬಾರದು. ತುದಿ ಸುಟ್ಟು ಪರೀಕ್ಷಿಸುವ ಸಾಹಸವಂತೂ ಬೇಡವೇ ಬೇಡ. ತಂಪಾದ, ಗಾಳಿಯಾಡುವ ಜಾಗದಲ್ಲಿ ಒಂಟಿಯಾಗಿ ಇಟ್ಟು ಪುಣೆಯ ಭಂಡಾರಕ್ಕೆ ತಿಳಿಸಬೇಕು. ಡಬ್ಬಿ ತೆರೆದೊಡನೆ ವಿನೆಗರ್ ವಾಸನೆ ಬಂದರೆ ಅದು ಆನಂತರದ ಅಸಿಟೇಟ್ ಫಿಲ್ಮು. ಹೊತ್ತಿಕೊಳ್ಳುವ ಭಯ ಕಡಿಮೆ, ಕೊಳೆಯುವುದು ಮಾತ್ರ ಶುರುವಾಗಿದೆ ಎಂದರ್ಥ. ಕಾಗದಪತ್ರಗಳಿಗೆ ಅಂಟುಟೇಪು ಹಚ್ಚಬಾರದು, ಲ್ಯಾಮಿನೇಷನ್ ಮಾಡಿಸಬಾರದು. ಎರಡೂ ಬದಿಯ ಫೋಟೋ ತೆಗೆದಿಟ್ಟುಕೊಂಡು, ಯಾರ ಮನೆಯದು, ಯಾವ ಊರಿನಿಂದ ಬಂದದ್ದು, ಹಿರಿಯರು ಅದರ ಬಗ್ಗೆ ಏನು ಹೇಳಿದರು ಎಂಬುದನ್ನು ಬೇರೆ ಹಾಳೆಯಲ್ಲಿ ಬರೆದು ಜೊತೆಗಿಡಬೇಕು. ಹಾಳೆಯ ಮೇಲೆ ಇಂಕು ಬೇಡ, ಪೆನ್ಸಿಲ್ ಸಾಕು.